ಹಾಡಿಲ್ಲದ ಹಾಳೆ

ನನ್ನ ಕಾಫಿ ಅಂಗಡಿಗೂ ಜಿನೋನ್ ಮೇಸ್ತ್ರಿಯ ಅಚ್ಚುಕೂಟಕ್ಕೂ ನಡುವೆ ಇದ್ದದ್ದು ಒಂದೇ ಒಂದು ಮಣ್ಣಿನ ಗೋಡೆ. ಅವನು ಆಚೆ ಯಂತ್ರದ ಹಿಡಿ ಎಳೆದರೆ ಈಚೆ ನನ್ನ ಕಪಾಟಿನ ಬಟ್ಟಲುಗಳು ಗಿಲಿಗಿಲಿ ಎನ್ನುತ್ತಿದ್ದವು. ಹೊಸದರಲ್ಲಿ ನಾನು ಹೋಗಿ ಜಗಳ ತೆಗೆದೆ. ಜಗಳಕ್ಕೆ ಎದುರಿನವನೂ ಮನಸ್ಸು ಮಾಡಬೇಕಲ್ಲ? "ಹೌದು ತ್ರಿಫೋನ್, ನೀನು ಹೇಳೋದು ಸರಿ" ಅಂದ, ಮತ್ತೆ ಹಿಡಿ ಎಳೆದ. ಕೊನೆಗೆ ಕಪಾಟನ್ನು ಎದುರುಗೋಡೆಗೆ ಸಾಗಿಸಿದವನು ನಾನೇ. ನಮ್ಮ ದ್ವೀಪದ ಬಂದರೂರಾದ ಈ ಲಾರ್ನಾಕದಲ್ಲಿ ನನ್ನ ಬಾಯಿಗೆ ಹೆದರದವರು ಕಡಿಮೆ. ಮೇಸ್ತ್ರಿ ಹೆದರಲಿಲ್ಲ, ಯಾಕೆಂದರೆ ಅವನ ಕಿವಿ ಯಾವಾಗಲೂ ಬೇರೆ ಏನನ್ನೋ ಕೇಳಿಸಿಕೊಳ್ಳುತ್ತಿತ್ತು.

ಅವನು ಚಿಕ್ಕಂದಿನಲ್ಲೇ ತಂದೆತಾಯಿಯನ್ನು ಕಳೆದುಕೊಂಡವನು. ಬಿಷಪ್ಪರ ಅಚ್ಚುಕೂಟದಲ್ಲಿ ನೆಲ ಗುಡಿಸುತ್ತ, ಅಚ್ಚಿನ ಮೊಳೆ ಜೋಡಿಸುವುದನ್ನು ಕಲಿತ. ಊರು ಬಿಟ್ಟು ಹೊರಟ ಒಬ್ಬ ಇಂಗ್ಲಿಷಿನವನಿಂದ ಹಳೆಯ ಕೈಯಂತ್ರ ಕೊಂಡು ನಮ್ಮ ಬೀದಿಗೆ ಬಂದಾಗ ಅವನ ಮೀಸೆ ಇನ್ನೂ ಕರ್ರಗಿತ್ತು. ಮದುವೆ ಕಾಗದ, ನಾಮಕರಣದ ಚೀಟಿ, ವಕೀಲರ ನೋಟೀಸು, ಎಲ್ಲ ಮಾಡುತ್ತಿದ್ದ. ಆದರೆ ಅವನ ಹೆಸರು ದ್ವೀಪದ ಉದ್ದಗಲ ಹೋದದ್ದು ಲಾವಣಿಗಳಿಂದ. ನಮ್ಮಲ್ಲಿ ಒಂದು ಕೊಲೆಯಾಗಲಿ, ಸೇತುವೆ ಕುಸಿಯಲಿ, ನಿಕೋಸಿಯಾದ ಜೈಲಿನಲ್ಲಿ ಒಬ್ಬನನ್ನು ಗಲ್ಲಿಗೇರಿಸಲಿ, ತಿಂಗಳೊಳಗೆ ಅದರ ಮೇಲೊಂದು ಪದ ಹುಟ್ಟುತ್ತದೆ. ಪದ ಕಟ್ಟಿದವನು ಅದನ್ನು ಒಂದು ಹಾಳೆಯಲ್ಲಿ ಅಚ್ಚು ಹಾಕಿಸಿ, ಜಾತ್ರೆಯಲ್ಲಿ ನಿಂತು ಹಾಡಿ ಮಾರುತ್ತಾನೆ. ಹೆಂಗಸರು ಅತ್ತು, ಮೂಗು ಒರೆಸಿಕೊಂಡು, ಹಾಳೆ ಕೊಂಡು, ಮನೆಯ ಪೆಟ್ಟಿಗೆಯ ಮುಚ್ಚಳದ ಒಳಗೆ ಅಂಟಿಸುತ್ತಾರೆ. ಆಮೇಲೆ ಸತ್ತವರು ಸತ್ತಂತೆ ಅಲ್ಲ, ಪೆಟ್ಟಿಗೆ ತೆರೆದಾಗಲೆಲ್ಲ ಮನೆಯವರೇ.

ಇಂಥ ಪದ ಕಟ್ಟುವವರಲ್ಲಿ ಮೇಸ್ತ್ರಿಗೆ ಬೇಕಾದವನು ಹಂಬಿಸ್. ಮೆಸಾರಿಯಾ ಬಯಲಿನವನು, ಎತ್ತರದ ಆಳು, ಒಂದಕ್ಷರ ಓದಲು ಬಾರದು. ಕತ್ತೆಯ ಹಿಂದೆ ನಡೆಯುತ್ತ ನಡೆಯುತ್ತ ನೂರು ಸಾಲು ಕಟ್ಟಿ ತಲೆಯಲ್ಲಿಟ್ಟುಕೊಂಡು ಬರುತ್ತಿದ್ದ. ಬಂದವನು ಮೊದಲು ನನ್ನಲ್ಲಿ ಕಾಫಿ ಕುಡಿದು, ಪಕ್ಕಕ್ಕೆ ಹೋಗಿ ಕಾಗದದ ಕಟ್ಟಿನ ಮೇಲೆ ಕೂತು ಹಾಡುತ್ತಿದ್ದ. ಒಂದು ಸಾಲು ಹಾಡಿ ನಿಲ್ಲುವುದು, ಮೇಸ್ತ್ರಿ ಆ ಸಾಲಿಗೆ ಸೀಸದ ಮೊಳೆಗಳನ್ನು ಜೋಡಿಸುವುದು. ಸಾಲು ಕೇಳುವಾಗ ಮೇಸ್ತ್ರಿ ತಲೆಯನ್ನು ಎಡಕ್ಕೆ ವಾಲಿಸಿ, ಬಲಗೈಯ ಬೆರಳುಗಳನ್ನು ಮೊಳೆಗಳ ಖಾನೆಯ ಮೇಲೆ ಗಾಳಿಯಲ್ಲಿ ಹಿಡಿದು ನಿಲ್ಲುತ್ತಿದ್ದ. ಸಾಲು ಮುಗಿಯುವುದೂ ಬೆರಳು ಇಳಿಯುವುದೂ ಒಟ್ಟಿಗೇ. "ಏನಂದೆ, ಇನ್ನೊಂದ್ಸಲ ಹೇಳು" ಎಂದು ಅವನು ಕೇಳಿದ್ದನ್ನು ಗೋಡೆಯ ಈಚೆ ಕೂತ ನಾನು ಒಮ್ಮೆಯೂ ಕೇಳಿಲ್ಲ.

ಅವನ ಹೆಂಡತಿ ಥಿಯೊಪಿಸ್ತಿ ಹೆರಿಗೆಯಲ್ಲೇ ತೀರಿಕೊಂಡಳು. ಉಳಿದದ್ದು ಹೆಣ್ಣುಕೂಸು, ರೊದೂ. ಅದನ್ನು ಕಾಗದದ ಪೆಟ್ಟಿಗೆಯಲ್ಲಿ ಮಲಗಿಸಿಕೊಂಡೇ ಮೇಸ್ತ್ರಿ ಕೆಲಸ ಮಾಡಿದ. ಮೊಲೆಹಾಲು ಕೊಟ್ಟವಳು ನನ್ನ ಹೆಂಡತಿ ಮಾರಿಕ್ಕು, ನಮ್ಮ ಎರಡನೆಯವನು ಆಗ ಕೈಗೂಸು. ಹಾಗಾಗಿ ರೊದೂ ನಮ್ಮ ಮನೆಯಲ್ಲೂ ಅರ್ಧ ಮಗಳು. ಬೆಳೆದ ಮೇಲೆ ಹಾಳೆ ಮಡಿಸುವುದು ಅವಳ ಕೆಲಸ. ಕೈ ಎಷ್ಟು ಚುರುಕೋ ಬಾಯಿ ಅದರ ಎರಡರಷ್ಟು. ಹಂಬಿಸನನ್ನು ಕಂಡರೆ ಅವಳಿಗೆ ಕೆಣಕದೆ ಇರಲು ಆಗುತ್ತಿರಲಿಲ್ಲ.

"ಹಂಬಿಸ್ ತಾತಾ, ಈ ಸಲ ಒಂದೇ ಪದದಲ್ಲಿ ಎಷ್ಟೊಂದು ಜನರನ್ನ ಸಾಯಿಸಿದ್ದೀಯಲ್ಲ, ಅರ್ಧ ಜನರನ್ನ ಬದುಕಿಸಿದ್ರೆ ನಮಗೆ ಕಾಗದ ಉಳೀತಿತ್ತು."

"ನಾನೆಲ್ಲಿ ಸಾಯಿಸ್ದೆ ಮಗಳೇ? ದೇವರು ಸಾಯಿಸ್ತಾನೆ, ನಾನು ಪ್ರಾಸ ಕೂಡಿಸ್ತೀನಿ."

"ಹಂಗಾದ್ರೆ ನಾನು ಸತ್ತಾಗ ಒಳ್ಳೆ ಪ್ರಾಸ ಹುಡುಕು. ರೊದೂಗೆ ಸುಲಭವಾಗಿ ಪ್ರಾಸ ಸಿಗಲ್ಲ, ಈಗಿಂದ್ಲೇ ಶುರು ಮಾಡು."

"ಥೂ! ಮೇಸ್ತ್ರೀ, ಇವಳ ಬಾಯಿಗೆ ಮೆಣಸು ಹಾಕು" ಎಂದು ಹಂಬಿಸ್ ಗಡ್ಡ ಕುಣಿಸಿ ನಗುತ್ತಿದ್ದ. ಮೇಸ್ತ್ರಿಯೂ ನಗುತ್ತಿದ್ದ. ಅವನ ನಗು ನಾನು ಕೇಳಿದ್ದು ಆ ವರ್ಷಗಳಲ್ಲಿ ಮಾತ್ರ.

ಗವರ್ನರನ ಬಂಗಲೆಗೆ ಜನ ಬೆಂಕಿ ಇಟ್ಟ ಗಲಾಟೆ ನಡೆಯಿತಲ್ಲ, ಅದಕ್ಕೆ ಎರಡು ವರ್ಷ ಮೊದಲಿನ ಪ್ರಳಯದ ಹಬ್ಬ. ಆ ಹಬ್ಬಕ್ಕೆ ಇಡೀ ದ್ವೀಪ ನಮ್ಮ ಕಡಲ ದಂಡೆಗೆ ಬರುತ್ತದೆ. ಒಬ್ಬರ ಮೇಲೊಬ್ಬರು ನೀರು ಎರಚುತ್ತಾರೆ, ದೋಣಿ ಹತ್ತುತ್ತಾರೆ, ಪದಗಾರರು ಎದುರುಬದುರು ನಿಂತು ಸವಾಲ್ ಜವಾಬ್ ಹಾಡುತ್ತಾರೆ. ಮೇಸ್ತ್ರಿಗೆ ವರ್ಷದಲ್ಲಿ ಅತಿ ಹೆಚ್ಚು ಕೆಲಸ ಇರುವುದೂ ಅವತ್ತೇ. ಬೆಳಿಗ್ಗೆ ರೊದೂ ನಿಂಬೆಹೋಳಿನಲ್ಲಿ ಕೈಯ ಶಾಯಿ ಉಜ್ಜಿ ತೊಳೆದುಕೊಂಡು, ನೀಲಿ ವಸ್ತ್ರ ತಲೆಗೆ ಕಟ್ಟಿಕೊಂಡು ಅಚ್ಚುಕೂಟದ ಬಾಗಿಲಲ್ಲಿ ನಿಂತಿದ್ದಳು. ನಾನು ನನ್ನ ಹೊಸ್ತಿಲಿಗೆ ನೀರು ಹಾಕುತ್ತಿದ್ದೆ.

"ಬಾರಪ್ಪ. ವರ್ಷಕ್ಕೆ ಒಂದಿನ."

"ಹಂಬಿಸನ ಹಾಳೆಗಳು ಇನ್ನೂ ಅರ್ಧ ಇವೆ. ನೀನು ನಡಿ. ಇದನ್ನ ಮುಗಿಸಿ, ಹೊತ್ಕೊಂಡು ಬರ್ತೀನಿ."

"ಪ್ರತಿ ವರ್ಷ ಹಿಂಗೇ ಅಂತೀಯ."

"ಈ ಸಲ ಬರ್ತೀನಿ."

ಬಂದ ಕೂಡ. ಅವನು ಹಾಳೆಗಳ ಕಟ್ಟನ್ನು ಕಂಕುಳಲ್ಲಿಟ್ಟುಕೊಂಡು ದಂಡೆ ಮುಟ್ಟುವ ಹೊತ್ತಿಗೆ ಹಂಬಿಸ್ ಹಾಡುತ್ತಿದ್ದ. ಅವನ ಪದ ಕೇಳಲೆಂದು ಹುಡುಗಿಯರಿದ್ದ ದೋಣಿ ದಂಡೆಯ ಹತ್ತಿರ ಬಂತು. ಚೆನ್ನಾಗಿ ಕೇಳಿಸಲಿ ಎಂದು ಎಲ್ಲರೂ ಒಂದೇ ಕಡೆಗೆ ಬಾಗಿದರು. ದೋಣಿ ಮಗುಚಿತು. ಉಳಿದವರನ್ನು ಬೆಸ್ತರು ಎಳೆದು ಹಾಕಿದರು, ರೊದೂ ಸಿಕ್ಕಿದ್ದು ಸಂಜೆಗೆ. ನಮ್ಮೂರ ಸಂತ ಲಾಜರಸ್ ಸತ್ತ ನಾಲ್ಕನೇ ದಿನಕ್ಕೆ ಎದ್ದು ಬಂದವನು. ಆ ಅನುಕೂಲ ಊರಿನ ಬೇರೆ ಯಾರಿಗೂ ಇದುವರೆಗೆ ಸಿಕ್ಕಿಲ್ಲ.

ಮಣ್ಣು ಮಾಡಿ ಬಂದೆವು. ಗೋರಿಯ ಹತ್ತಿರ ಬ್ರೆಡ್ಡು, ಆಲಿವು, ಹಲ್ಲೂಮಿ ಗಿಣ್ಣು ಹಂಚಿದ್ದು ಮಾರಿಕ್ಕು. ಮೇಸ್ತ್ರಿ ಯಾರಿಗೂ ಬೆನ್ನು ಕೊಟ್ಟು ಅಳಲಿಲ್ಲ, ಎದುರಿಗೂ ಅಳಲಿಲ್ಲ. ನಲವತ್ತು ದಿನ ಗಡ್ಡ ಬಿಟ್ಟ. ಆಮೇಲೆ ಯಂತ್ರದ ಸದ್ದು ಮತ್ತೆ ಶುರುವಾಯಿತು. ಊರು ನಿಟ್ಟುಸಿರು ಬಿಟ್ಟಿತು, ಸದ್ಯ, ಸುಧಾರಿಸಿಕೊಂಡ ಎಂದು.

ಈಗ ನಾನು ಹೇಳಬೇಕಾದದ್ದು ನಮ್ಮವರ ಒಳ್ಳೆಯತನದ ಬಗ್ಗೆ. ಅದನ್ನು ನೆನೆದರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ. ರೊದೂವಿನ ಮೇಲೆ ಒಬ್ಬನೂ ಪದ ಕಟ್ಟಲಿಲ್ಲ. ಕಟ್ಟಿದರೆ ಅಚ್ಚು ಹಾಕುವವರು ಯಾರು? ಜಿನೋನನ ಮುಂದೆ ಕೂತು ಅವನ ಮಗಳ ಸಾವನ್ನು ಹಾಡಿ, ಅವನ ಕೈಯಲ್ಲೇ ಮೊಳೆ ಜೋಡಿಸುವುದು ಗಾಯದ ಮೇಲೆ ಬರೆ ಎಳೆದ ಹಾಗೆ. ಅವನನ್ನು ಬಿಟ್ಟು ಫಮಗುಸ್ತ ಪಟ್ಟಣದ ಅಚ್ಚುಕೂಟಕ್ಕೆ ಹೋದರೆ ಬೆನ್ನಿಗೆ ಚೂರಿ ಹಾಕಿದ ಹಾಗೆ. ಅತ್ತ ದರಿ, ಇತ್ತ ಪುಲಿ. ಅದಕ್ಕೇ ಎಲ್ಲರೂ ಸುಮ್ಮನಾದರು. ಕುರಿ ಕದ್ದು ಸಿಕ್ಕಿಬಿದ್ದವನಿಗೂ ಎಂಬತ್ತು ಸಾಲಿನ ಪದ ಇತ್ತು ಈ ದ್ವೀಪದಲ್ಲಿ. ಊರಿಗೆಲ್ಲ ಹಾಳೆ ಮಡಿಸಿಕೊಟ್ಟ ಹುಡುಗಿಗೆ ಮಾತ್ರ ಒಂದು ಸಾಲಿಲ್ಲ.

ಅಷ್ಟಕ್ಕೇ ನಿಲ್ಲಲಿಲ್ಲ. ಮೇಸ್ತ್ರಿ ನನ್ನ ಅಂಗಡಿಗೆ ಬಂದರೆ ಮಾತು ಬದಲಾಗುತ್ತಿತ್ತು. ಕಡಲು, ದೋಣಿ, ಮದುವೆಗೆ ಬಂದ ಮಗಳು, ಯಾವುದೂ ಬಾಯಿಗೆ ಬರುವಂತಿಲ್ಲ. ತಾವ್ಲಿ ಆಡುವವರು ದಾಳ ಉರುಳಿಸುವುದನ್ನೂ ಮೆಲ್ಲಗೆ ಮಾಡುತ್ತಿದ್ದರು. ಮಾರಿಕ್ಕು ಕೂಡ ರೊದೂ ಹೆಸರು ಎತ್ತುತ್ತಿರಲಿಲ್ಲ, ನನಗೂ ಕಣ್ಣು ಬಿಡುತ್ತಿದ್ದಳು. ಮೇಸ್ತ್ರಿ ಬಾಗಿಲ ಪಕ್ಕದ ಕುರ್ಚಿಯಲ್ಲಿ ಕೂತು, ಸಕ್ಕರೆ ಇಲ್ಲದ ಕಾಫಿ ಕುಡಿದು, ಬಟ್ಟಲನ್ನು ಮಗುಚಿಟ್ಟು ಹೋಗುತ್ತಿದ್ದ. ಹಂಬಿಸ್ ಬರುತ್ತಿದ್ದ, ಕೊಲೆಯ ಪದ, ಮಿಡತೆಯ ಪದ, ಭೂಕಂಪದ ಪದ ತರುತ್ತಿದ್ದ. ಸಾಲು ಹಾಡಿ ಕಣ್ಣು ನೆಲಕ್ಕೆ ಹಾಕುತ್ತಿದ್ದ. ಮಧ್ಯೆ ತಮಾಷೆ ಮಾಡುವವರು ಯಾರೂ ಇರಲಿಲ್ಲ. ಗೋಡೆಯ ಈಚೆ ನನಗೆ ಕೇಳುತ್ತಿದ್ದದ್ದು ಇಬ್ಬರು ಗಂಡಸರ ಕೆಮ್ಮು, ನಡುವೆ ಹಾಡು.

ಗಲಾಟೆಯ ವರ್ಷ ಬಂತು, ಸರ್ಕಾರ ಸಿಟ್ಟಿಗೆದ್ದಿತು. ಇನ್ನು ಮೇಲೆ ಯಾವ ಹಾಳೆಯೂ ಕಚೇರಿಗೆ ತೋರಿಸದೆ ಅಚ್ಚಾಗಕೂಡದು, ಮೊದಲು ಕೈಬರಹದ ಪ್ರತಿ ತಂದು ಒಪ್ಪಿಗೆ ಪಡೆಯಬೇಕು ಎಂದು ಕಾಯಿದೆ ಬಂತು. ಕಚೇರಿಯ ಗುಮಾಸ್ತ ಶೆವ್ಕೆತ್ ಎಫೆಂದಿ ತುರ್ಕರವನು, ಒಳ್ಳೆಯವನು, ನನ್ನ ದಿನದ ಗಿರಾಕಿ. ಮೇಸ್ತ್ರಿ ಮಾರನೇ ದಿನ ಹಂಬಿಸನ ತೋಳು ಹಿಡಿದುಕೊಂಡು ಅವನ ಮೇಜಿನ ಮುಂದೆ ನಿಲ್ಲಿಸಿದನಂತೆ.

"ಏನಿದು ಮೇಸ್ತ್ರಿ?"

"ಕೈಬರಹದ ಪ್ರತಿ, ಎಫೆಂದಿ. ಇದು ಕಾಗದದಲ್ಲಿ ಇರಲ್ಲ, ಇವನ ತಲೇಲಿ ಇರತ್ತೆ. ಪರೀಕ್ಷೆ ಮಾಡಿ ಮುದ್ರೆ ಒತ್ತಿ."

"ಎಲ್ಲಿ ಒತ್ಲಿ, ಹಣೆ ಮೇಲಾ?"

"ನಿಮ್ಮಿಷ್ಟ. ಆದ್ರೆ ಈ ಪ್ರತಿಗೆ ಮೊದಲು ಕಾಫಿ ಆಗ್ಬೇಕು, ಇಲ್ದಿದ್ರೆ ತೆರ್ಕೊಳಲ್ಲ."

ಎಫೆಂದಿ ಕಾಫಿ ತರಿಸಿ, ಇಡೀ ಪದ ಕೇಳಿ, ಕೊನೆಯಲ್ಲಿ ಕಣ್ಣೊರೆಸಿಕೊಂಡು ಒಪ್ಪಿಗೆ ಕೊಟ್ಟನಂತೆ. ಇದನ್ನು ಅವನೇ ನನ್ನ ಅಂಗಡಿಯಲ್ಲಿ ನಟಿಸಿ ತೋರಿಸಿದಾಗ ನಾವೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಬಾಗಿಲ ಪಕ್ಕದ ಕುರ್ಚಿಯಲ್ಲಿ ಮೇಸ್ತ್ರಿ ಇದ್ದಾನೆ ಎಂದು ನೆನಪಾದದ್ದೇ ಎಲ್ಲರೂ ಬಾಯಿ ಮುಚ್ಚಿದರು. ಅವನ ಮುಂದೆ ನಗುವುದೂ ತಪ್ಪು ಎಂದು ನಾವು ನಮ್ಮಷ್ಟಕ್ಕೆ ತೀರ್ಮಾನಿಸಿಬಿಟ್ಟಿದ್ದೆವು. ಅವನು ಒಬ್ಬೊಬ್ಬರ ಮುಖವನ್ನೂ ನೋಡಿದ. ಆಮೇಲೆ ಎದ್ದು ಹೋದ.

ಹೀಗೇ ವರ್ಷಗಳು ಕಳೆದವು. ಮೇಸ್ತ್ರಿಯ ಮೀಸೆ ಬೆಳ್ಳಗಾಯಿತು. ಒಂದು ವಸಂತದಲ್ಲಿ ಹಳ್ಳಿಯ ಕಡೆಯವನೊಬ್ಬ ನನ್ನ ಅಂಗಡಿಯ ಗೋಡೆಗೆ ಒಂದು ಹೊಸ ಹಾಳೆ ಅಂಟಿಸಿ ಹೋದ. ಕಡಲಲ್ಲಿ ಮುಳುಗಿದ ಒಬ್ಬ ಬೆಸ್ತರ ಹುಡುಗನ ಪದ. ನಾನು ಅದನ್ನು ಕಿತ್ತುಹಾಕುವ ಮೊದಲೇ ಮೇಸ್ತ್ರಿ ಒಳಗೆ ಬಂದ. ನಿಂತುಕೊಂಡೇ ಪೂರ್ತಿ ಓದಿದ. ಕೊನೆಯಲ್ಲಿ ಪದ ಕಟ್ಟಿದವನ ಹೆಸರು, ಹಂಬಿಸ್. ಅದರ ಕೆಳಗೆ ಅಚ್ಚು ಹಾಕಿದವರ ಹೆಸರು, ಫಮಗುಸ್ತದ್ದು.

"ಮುಳುಗಿದವರ ಪದಗಳನ್ನೆಲ್ಲ ಅಲ್ಲಿಗೇ ತಗೊಂಡು ಹೋಗ್ತಾನಾ ಹಂಬಿಸ್?" ಎಂದು ಕೇಳಿದ.

ನಾನು ಒರೆಸಿದ ಮೇಜನ್ನೇ ಮತ್ತೆ ಒರೆಸತೊಡಗಿದೆ. ಊರಿಗೇ ಗೊತ್ತಿದ್ದ ವಿಷಯ.

"ಎಷ್ಟು ವರ್ಷದಿಂದ?"

"ನಿನಗೆ ನೋವಾಗ್ಬಾರದು ಅಂತ, ಮಾರಾಯ" ಎಂದೆ.

"ಓ" ಎಂದ. ಅಷ್ಟೇ. ಕಾಫಿ ಕುಡಿಯದೆ ಹೋದ. ಆ ದಿನ ಗೋಡೆಯಾಚೆ ಯಂತ್ರದ ಸದ್ದಿಲ್ಲ.

ಅದಾದ ಸ್ವಲ್ಪ ದಿನಕ್ಕೆ, ಹಬ್ಬ ಹತ್ತಿರ ಬರುತ್ತಿದ್ದಾಗ, ಶೆವ್ಕೆತ್ ಎಫೆಂದಿ ಬಂದು ನನ್ನನ್ನು ಮೂಲೆಗೆ ಕರೆದ. ಒಂದು ಹಾಳೆ ತೆಗೆದು ಮೇಜಿನ ಮೇಲೆ ಬಿಡಿಸಿದ.

"ನಿಮ್ಮ ಜಿನೋನ್ ಇದನ್ನ ಒಪ್ಪಿಗೆಗೆ ಅಂತ ಕೊಟ್ಟು ಹೋಗಿದ್ದಾನೆ. ನಾನೇನು ಮಾಡ್ಲಿ ಹೇಳು ತ್ರಿಫೋನ್. ತಪ್ಪು ಮಾತಿದ್ರೆ ಹೊಡೆದು ಹಾಕ್ಬಹುದು. ಇದರಲ್ಲಿ ಮಾತೇ ಇಲ್ಲ."

ಹಾಳೆಯ ಸುತ್ತ ಸಾವಿನ ಪದಗಳಿಗೆ ಹಾಕುವ ಕಪ್ಪು ಗೆರೆ. ಮೇಲುಗಡೆ, ಮರದಲ್ಲಿ ಕೆತ್ತಿದ ದೋಣಿಯ ಚಿತ್ರ. ಅದರ ಕೆಳಗೆ ದಪ್ಪ ಅಕ್ಷರದಲ್ಲಿ: 'ಪ್ರಳಯದ ಹಬ್ಬದಂದು ಕಡಲ ಪಾಲಾದ ರೊದೂವಿನ ಪದ.' ಅಡಿಯಲ್ಲಿ: 'ಜಿನೋನನ ಅಚ್ಚುಕೂಟ, ಲಾರ್ನಾಕ.' ನಡುವೆ ಏನೂ ಇಲ್ಲ. ಪದ ಬರಬೇಕಾದ ಜಾಗ ಬೆಳ್ಳಗೆ ಹಾಗೇ ಇತ್ತು.

ನಾನು ಹೊಡೆತ ತಿಂದವನ ಹಾಗೆ ಕೂತುಬಿಟ್ಟೆ. ಇಷ್ಟು ವರ್ಷ ಅವನಿಗೆ ಬೇಕಾಗಿದ್ದದ್ದು ಇದು. ಯಾರಾದರೂ ಬಂದು, ಕಾಗದದ ಕಟ್ಟಿನ ಮೇಲೆ ಕೂತು, ಅವನ ಮಗಳನ್ನು ಹಾಡಬೇಕಿತ್ತು. ತಾನೇ ಕಟ್ಟಲು ಅವನಿಗೆ ಬಾರದು. ಸಾವಿರ ಪದ ಕಿವಿಯಲ್ಲಿ ಹಾದುಹೋದರೂ ಅವನು ಕೇಳುವವನೇ ಹೊರತು ಕಟ್ಟುವವನಲ್ಲ. 'ನನ್ನ ಮಗಳಿಗೆ ಒಂದು ಪದ ಕಟ್ಟು' ಎಂದು ತಂದೆ ಬೇಡುವುದು ನಮ್ಮಲ್ಲಿ ಇಲ್ಲ, ಪದ ತಾನಾಗಿ ಬರಬೇಕು. ನಾವು ಬಾಗಿಲು ಹಾಕಿ, ಒಳಗಿರುವವನು ಏಕಾಂತ ಬಯಸಿದ್ದಾನೆ ಎಂದು ಹೊರಗೆ ಕಾವಲು ಕೂತಿದ್ದೆವು.

"ಮುದ್ರೆ ಒತ್ತು ಎಫೆಂದಿ" ಎಂದೆ. "ಮಾತು ನಾನು ತರ್ತೀನಿ."

ಮಾರನೇ ದಿನ ಆ ಹಾಳೆಯನ್ನು ಜೇಬಿಗಿಟ್ಟು, ಬಸ್ಸು ಹಿಡಿದು ಮೆಸಾರಿಯಾಗೆ ಹೋದೆ. ಹಂಬಿಸ್ ಅಂಗಳದಲ್ಲಿ, ಬೆತ್ತದ ಕುರ್ಚಿಯಲ್ಲಿ ಬಿಸಿಲಿಗೆ ಮೈ ಕಾಯಿಸುತ್ತಿದ್ದ. ಮನುಷ್ಯ ಎಷ್ಟು ಇಳಿದುಹೋಗಿದ್ದ! ಮೊದಲು ನನ್ನ ಗುರುತೇ ಸಿಗಲಿಲ್ಲ ಅವನಿಗೆ. ಸೊಸೆ ಕಿವಿಯಲ್ಲಿ ಹೇಳಿದ ಮೇಲೆ, "ಓ ತ್ರಿಫೋನಾ, ಕಾಫಿಗೆ ನೀರು ಬೆರೆಸೋನು" ಎಂದು ನಕ್ಕ. ನಾನು ಪೀಠಿಕೆ ಹಾಕದೆ ಹಾಳೆಯನ್ನು ಅವನ ಮುಂದೆ ಹಿಡಿದು, ಏನಿದೆ ಏನಿಲ್ಲ ಎಂದು ಹೇಳಿದೆ.

ಅವನು ನನ್ನ ತೋಳು ಹಿಡಿದುಕೊಂಡ. "ಅವನಿಗೆ ಬೇಕಿತ್ತಾ? ಬೇಕಿತ್ತಾ ಅವನಿಗೆ?"

"ಬೇಕಿತ್ತು."

"ನಾನು ಅವತ್ತೇ ಕಟ್ಟಿದ್ದೆನಲ್ಲೋ! ಮಣ್ಣು ಮಾಡಿ ವಾಪಸ್ ಬರ್ತಾ, ದಾರಿಯುದ್ದ ಕಟ್ಟಿದೆ. ನನ್ನ ಹಾಡು ಕೇಳೋಕೆ ಬಂದು ಮಗುಚಿತು ಆ ದೋಣಿ. ಯಾವ ಮುಖ ಇಟ್ಕೊಂಡು ಅವನ ಮುಂದೆ ಹಾಡ್ಲಿ? ಕತ್ತೆಗೆ ಹಾಡ್ದೆ. ಕತ್ತೇನೂ ಸತ್ತೋಯ್ತು."

ಕಂಕುಳಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದ ಹಾಗಾಯಿತು ನಮ್ಮ ಕತೆ. ಪದ ಇತ್ತು. ತಂದೆ ಕಾಯುತ್ತಿದ್ದ, ಪದಗಾರ ಹೊತ್ತು ತಿರುಗುತ್ತಿದ್ದ, ನಡುವೆ ನಿಂತದ್ದು ಮರ್ಯಾದೆ.

"ಎದ್ದೇಳು ಹಂಬಿಸಣ್ಣ, ಬಸ್ಸು ಇನ್ನೂ ನಿಂತಿದೆ" ಎಂದೆ. ಸೊಸೆ ನನ್ನನ್ನು ಬಾಗಿಲಿಗೆ ಕರೆದು, "ಮಾವನಿಗೆ ಈಚೆಗೆ ನೆನಪು ನಿಲ್ಲಲ್ಲ. ಬೆಳಿಗ್ಗೆ ತಿಂದಿದ್ದು ಮಧ್ಯಾಹ್ನಕ್ಕೆ ಗೊತ್ತಿರಲ್ಲ. ಹಳೇ ಪದಗಳೂ ಅಲ್ಲಲ್ಲಿ ಹರಿದುಹೋಗಿವೆ. ಬೇಗ ಹಾಡಿಸ್ಕೊಳಿ" ಎಂದಳು. ದಾರಿಯುದ್ದಕ್ಕೂ ನಾನು ಅವನ ಮುಖವನ್ನೇ ನೋಡುತ್ತ ಕೂತಿದ್ದೆ, ಬಿರುಕು ಬಿಟ್ಟ ಹೂಜಿಯಲ್ಲಿ ನೀರು ತರುವವನ ಹಾಗೆ.

ಅಚ್ಚುಕೂಟದ ಬಾಗಿಲಲ್ಲಿ ಹಂಬಿಸನನ್ನು ಕಂಡು ಮೇಸ್ತ್ರಿ ಎದ್ದು ನಿಂತ. ಯಾರೂ ಕುಶಲ ಕೇಳಲಿಲ್ಲ. ಹಂಬಿಸ್ ಕಾಗದದ ಕಟ್ಟಿನ ಮೇಲೆ ಕೂತ. ಮೇಸ್ತ್ರಿ ಅಂಗಿಯ ತೋಳು ಮಡಿಸಿಕೊಂಡು ಖಾನೆಯ ಮುಂದೆ ನಿಂತು, ತಲೆಯನ್ನು ಎಡಕ್ಕೆ ವಾಲಿಸಿದ. ಬೆರಳುಗಳು ಗಾಳಿಯಲ್ಲಿ ನಿಂತವು. ನಾನು ಹೊರಗೆ ಹೋಗಬೇಕಿತ್ತು, ಹೋಗಲಿಲ್ಲ.

*ಕೇಳಿರಿ ತಾಯಿಗಳೆ, ಕೇಳಿರಿ ಅಕ್ಕಂದಿರೆ, ಕಡಲು ಕದ್ದ ಕಥೆಯ,*
*ಹಾಳೆಯ ಮಡಿಸುವ ಕೈಯ ಹುಡುಗಿಯನು ಅಲೆಯು ಮಡಿಸಿದ ವ್ಯಥೆಯ.*

ಬೆರಳು ಇಳಿಯಿತು. ಮೊಳೆಗಳು ಒಂದರ ಪಕ್ಕ ಒಂದು ಟಿಕ್ ಟಿಕ್ ಎಂದು ಕೂತವು. ಹಂಬಿಸನ ದನಿ ಒಡೆದಿತ್ತು, ಆದರೆ ಸಾಲು ಸಾಲಾಗಿ ಬಂತು. ನಿಂಬೆಹೋಳು ಬಂತು, ನೀಲಿ ವಸ್ತ್ರ ಬಂತು. 'ಹಾಡಿದ್ದು ನಾನಮ್ಮ, ವಾಲಿದ್ದು ದೋಣಿಯಮ್ಮ, ಮುಳುಗಿದ್ದು ನೀನೆ ಮಗಳೆ' ಎಂಬ ಸಾಲೂ ಬಂತು. ಮೇಸ್ತ್ರಿ ಅದನ್ನೂ ಹೇಗೆ ಬಂತೋ ಹಾಗೇ ಜೋಡಿಸಿದ.

ಆಮೇಲೆ ಹಂಬಿಸನ ಹಾಡು ನಿಂತುಬಿಟ್ಟಿತು.

ಮೇಸ್ತ್ರಿಯ ಬೆರಳುಗಳು ಗಾಳಿಯಲ್ಲೇ ಇದ್ದವು. ಹಂಬಿಸ್ ಹಿಂದಿನ ಸಾಲನ್ನು ಮತ್ತೆ ಹಾಡಿ, ಅಂಚಿಗೆ ಬಂದು ಮತ್ತೆ ನಿಂತ. ಕೈಯಿಂದ ಹಣೆ ತಟ್ಟಿಕೊಂಡ. "ಇಲ್ಲಿ... ಇಲ್ಲಿ ರೊದೂ ಮಾತಾಡ್ತಾಳೆ. ನೀರಿನ ಒಳಗಿಂದ ಅಪ್ಪನನ್ನ ಕೂಗಿ ಹೇಳ್ತಾಳೆ. ನಾಲ್ಕು ಸಾಲು. ಚೆನ್ನಾಗಿದ್ವು ಮೇಸ್ತ್ರಿ, ನನ್ನ ಜೀವಮಾನದಲ್ಲಿ ಅಂಥ ಸಾಲು ಕಟ್ಟಿಲ್ಲ."

"ಏನಂತಾಳೆ?"

ಜಿನೋನ್ ಮೇಸ್ತ್ರಿ ಒಂದು ಸಾಲಿಗಾಗಿ ಬಾಯಿಬಿಟ್ಟು ಕೇಳಿದ್ದು ಅದೊಂದೇ ಬಾರಿ. ದನಿ ಬಹಳ ಸಣ್ಣಗಿತ್ತು.

"ಮರೆತೋಯ್ತು" ಎಂದು ಹಂಬಿಸ್ ಮಗುವಿನ ಹಾಗೆ ಅತ್ತುಬಿಟ್ಟ. "ಕತ್ತೆಗೆ ಹೇಳ್ದೆ, ನಿನಗೆ ಹೇಳ್ಲಿಲ್ಲ. ಮರೆತೋಯ್ತು ಜಿನೋನ್. ತಡಿ, ಈಗಲೇ ಬೇರೆ ಕಟ್ತೀನಿ, ಅದಕ್ಕಿಂತ ಚೆನ್ನಾಗಿ..."

"ಬೇಡ."

"ನಾಲ್ಕೇ ಸಾಲು..."

"ಬೇಡ ಹಂಬಿಸ್. ಅದು ನೀನು ಹೇಳಿದ ಹಾಗಾಗತ್ತೆ. ಅವಳು ಹೇಳಿದ್ದು ಹೇಳಿಯಾಗಿದೆ." ಮೇಸ್ತ್ರಿ ಬೇರೆ ಖಾನೆಗೆ ಕೈ ಹಾಕಿ ಅಕ್ಷರವಿಲ್ಲದ ಗಿಡ್ಡ ಸೀಸದ ತುಂಡುಗಳನ್ನು ತೆಗೆದ. ಹಾಳೆಯಲ್ಲಿ ಬಿಳಿ ಜಾಗ ಎಂದರೆ ನಾವು ಏನೂ ಇಲ್ಲ ಎಂದುಕೊಳ್ಳುತ್ತೇವೆ. ಅಚ್ಚುಕೂಟದಲ್ಲಿ ಹಾಗಲ್ಲ, ಖಾಲಿ ಜಾಗಕ್ಕೂ ಅಷ್ಟೇ ತೂಕದ ಸೀಸ ಇಟ್ಟು ಕಟ್ಟಬೇಕು, ಇಲ್ಲದಿದ್ದರೆ ಉಳಿದ ಅಕ್ಷರಗಳೆಲ್ಲ ಉದುರಿಹೋಗುತ್ತವೆ. ನಾಲ್ಕು ಸಾಲಿನಷ್ಟು ಸೀಸವನ್ನು ಅವನು ಒಂದೊಂದಾಗಿ ಇಟ್ಟ. ಅಕ್ಷರ ಜೋಡಿಸುವುದಕ್ಕಿಂತ ನಿಧಾನವಾಗಿ ಇಟ್ಟ. "ಮುಂದಿನದು ಹಾಡು" ಎಂದ.

ಆ ಸಲದ ಪ್ರಳಯದ ಹಬ್ಬಕ್ಕೆ ಮೇಸ್ತ್ರಿ ಹಾಳೆಗಳ ಕಟ್ಟು ಹೊತ್ತು ಬೆಳಿಗ್ಗೆಯೇ ದಂಡೆಗೆ ಬಂದ. ಅಷ್ಟು ವರ್ಷ ಅವನು ಕಡಲ ಕಡೆ ಮುಖ ಹಾಕಿರಲಿಲ್ಲ. ಮಾರಿಕ್ಕು ಅವನ ಒಂದು ಪಕ್ಕ, ನಾನು ಇನ್ನೊಂದು ಪಕ್ಕ. ಶೆವ್ಕೆತ್ ಎಫೆಂದಿ ಟೋಪಿ ಕೈಯಲ್ಲಿ ಹಿಡಿದು ಹಿಂದೆ ನಿಂತಿದ್ದ. ಹಂಬಿಸನನ್ನು ಕುರ್ಚಿಯ ಮೇಲೆ ಕೂರಿಸಿದೆವು. ಪದ ಶುರುವಾದದ್ದೇ ನೀರು ಎರಚುತ್ತಿದ್ದವರು ನಿಂತರು. ಎಲ್ಲೆಲ್ಲಿಂದಲೋ ಬಂದ ಹೆಂಗಸರು, ರೊದೂವನ್ನು ಕಣ್ಣಿಂದ ಕಾಣದವರು, ಎದೆ ಬಡಿದುಕೊಂಡು ಅತ್ತರು. ಅವರ ಅಳು ಕೇಳಿ ಮೇಸ್ತ್ರಿಯ ಮುಖ ಸಡಿಲವಾಗುತ್ತ ಬಂತು. ನಾನು ಅವನ ಕಿವಿಯಲ್ಲಿ, "ಹಗುರ ಆಯ್ತಾ ಮಾರಾಯ?" ಎಂದು ಕೇಳಿದೆ.

"ಇಷ್ಟು ವರ್ಷ ಅವಳು ನನ್ನೊಬ್ಬನಿಗೆ ಸತ್ತಿದ್ದಳು ತ್ರಿಫೋನ್" ಎಂದ. "ಇವತ್ತು ಊರಿಗೆಲ್ಲ ಸತ್ತಳು."

ಆಗ ಪದ ಖಾಲಿ ಜಾಗಕ್ಕೆ ಬಂತು. ಹಂಬಿಸ್ ನಿಲ್ಲಿಸಿದ. ಹಾಳೆ ಕೈಯಲ್ಲಿದ್ದವರು ಬಿಳಿ ಜಾಗ ನೋಡಿ ಸುಮ್ಮನಾದರು, ಓದು ಬಾರದವರು ಅವರನ್ನು ನೋಡಿ ಸುಮ್ಮನಾದರು. ನಾಲ್ಕು ಸಾಲು ಹಾಡುವಷ್ಟು ಹೊತ್ತು ಇಡೀ ದಂಡೆಯಲ್ಲಿ ಅಲೆಯ ಸದ್ದು ಒಂದೇ.

ನಾನು ಪಕ್ಕಕ್ಕೆ ನೋಡಿದೆ. ಮೇಸ್ತ್ರಿ ನೀರಿನ ಕಡೆಗೆ ತಲೆಯನ್ನು ಎಡಕ್ಕೆ ವಾಲಿಸಿ ನಿಂತಿದ್ದ. ಬಲಗೈ ಮುಂದಕ್ಕೆ ಬಂದಿತ್ತು, ಬೆರಳುಗಳು ಗಾಳಿಯಲ್ಲಿ ಕಾಯುತ್ತಿದ್ದವು. ಹಂಬಿಸ್ ಮುಂದಿನ ಸಾಲು ಎತ್ತಿಕೊಂಡ, ಜನ ಮತ್ತೆ ಅತ್ತರು, ಪದ ಮುಗಿಯಿತು, ಹಾಳೆಗಳೆಲ್ಲ ಖರ್ಚಾದವು. ಮೇಸ್ತ್ರಿಯ ಕೈ ಮಾತ್ರ ಕೆಳಗೆ ಇಳಿಯಲಿಲ್ಲ. ಕೊನೆಗೆ ಮಾರಿಕ್ಕು ಆ ಕೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡು, "ಮನೆಗೆ ಹೋಗೋಣ ಬಾ, ಅಣ್ಣ" ಎಂದಳು.